ಹೊಸ್ತಿಲಷ್ಟೇ ನಮ್ಮದು

ಬಿಳಿಗಲ್ಲು ಪಾಳೆಯಪಟ್ಟಿನ ದೊರೆ ಸರ್ಜಪ್ಪ ನಾಯಕನಿಗೆ ಆ ಬೆಳಿಗ್ಗೆ ತನ್ನ ಮೇಲೆ ತನಗೇ ವಿಪರೀತ ಮೆಚ್ಚುಗೆ ಬಂದಿತ್ತು.

“ಬೊಕ್ಕಸದಿಂದ ಬಿಡಿಗಾಸು ತೆಗೆಯದೆ ಆಳುಕಾಳುಗಳಿಗೆಲ್ಲ ಸ್ವಂತ ಮನೆ. ಯಾವ ಚಕ್ರವರ್ತಿ ಇದನ್ನು ಮಾಡಿದ್ದಾನೆ, ಹೇಳಿ ನೋಡೋಣ,” ಎಂದು ತುಂಬಿದ ಸಭೆಯನ್ನು ಕೇಳಿದ.

ಯಾರಿಗೂ ಹೆಸರು ನೆನಪಾಗಲಿಲ್ಲ. ನೆನಪಾದವರೂ ಸುಮ್ಮನಿದ್ದರು.

ಏರ್ಪಾಡು ಸರಳವಾಗಿತ್ತು. ಮನೆ ಕಟ್ಟಲು ಬೇಕಾದ ಮುನ್ನೂರು ವರಹವನ್ನು ಸಾಹುಕಾರ ಚೆನ್ನಮಲ್ಲಪ್ಪ ಸಾಲ ಕೊಡುತ್ತಾನೆ. ಸಾಲ ಪಡೆದವನು ತಿಂಗಳಿಗೆ ಎರಡೂವರೆ ವರಹದಂತೆ ಮೂವತ್ತು ವರ್ಷ ಕಂತು ಕಟ್ಟುತ್ತಾನೆ. ಅಲ್ಲಿಯವರೆಗೆ ಮನೆ ಸಾಹುಕಾರನಲ್ಲಿ ಅಡವು. ಮೂರು ಕಂತು ತಪ್ಪಿದರೆ ಮನೆ ಸಾಹುಕಾರನದೇ. ಕುದುರೆ ಲಾಯದ ದುರುಗಪ್ಪ ಹೋದ ವರ್ಷ ಎಲ್ಲರಿಗಿಂತ ಮೊದಲು ಸಾಲ ತೆಗೆದು ಮನೆ ಕಟ್ಟಿಸಿದ್ದ. ಈಗ ಅರಮನೆಯ ಉಳಿದ ಆಳುಗಳಿಗೂ ಅದೇ ಏರ್ಪಾಡು. ದೊರೆಯ ಮುದ್ರೆ ಬೀಳುವುದೊಂದೇ ಬಾಕಿ.

ಆಸ್ಥಾನದ ಓಬಯ್ಯ ಕಂಬಕ್ಕೆ ಒರಗಿ ನಿಂತಿದ್ದ. ದೊರೆಯನ್ನು ನಗಿಸುವುದು ಅವನ ಕೆಲಸ. ಆದರೆ ಅವನಿಗೇ ಆ ದಿನ ನಗು ಬರುತ್ತಿರಲಿಲ್ಲ. ಹಿಂದಿನ ದಿನ ದುರುಗಪ್ಪ ಅವನ ಮನೆಗೆ ಬಂದು ಜಗಲಿಯ ಮೇಲೆ ಕೂತಿದ್ದ.

“ಓಬಯ್ಯನೋರೇ, ನಂಗೆ ಲೆಕ್ಕ ಬರಾಕಿಲ್ಲ,” ಎಂದಿದ್ದ. “ವರ್ಷದಾಗೆ ಮೂವತ್ತು ವರಹ ಕಟ್ಟಿವ್ನಿ. ಇನ್ನೆಷ್ಟು ಐತೆ ಸಾವ್ಕಾರ್ರೇ ಅಂದ್ರೆ, ಇನ್ನೂರ ತೊಂಬತ್ತೆಂಟು ಅಂದ್ರು. ನಾನೆಲ್ಲೋ ತಪ್ಪು ಎಣಿಸಿರಬೇಕು.”

“ನೀನು ಸರಿಯಾಗೇ ಎಣಿಸಿದೀಯ, ದುರುಗಪ್ಪ. ಇಪ್ಪತ್ತೆಂಟು ಬಡ್ಡಿಗೆ ಹೋಗಿದೆ. ಎರಡು ಮಾತ್ರ ಮನೆಗೆ.”

ದುರುಗಪ್ಪ ತನ್ನ ಅಂಗೈಗಳನ್ನೇ ನೋಡಿಕೊಂಡ. “ನನ್ನೆಂಡ್ತಿ ಗಂಗವ್ವ ಕೈಬಳೆ ಮಾರಿ ಎರಡು ಕಂತು ಕಟ್ಟವ್ಳೆ. ಅವಳಿಗೆ ಏನಂತ ಹೇಳ್ಲಿ?”

ಓಬಯ್ಯನ ಬಳಿ ಒಂದು ಬುಟ್ಟಿ ಸುಣ್ಣ ಇತ್ತು. ಅದನ್ನು ಎತ್ತಿಕೊಂಡು ದುರುಗಪ್ಪನ ಜೊತೆಗೇ ಹೊರಟಿದ್ದ.

ಈಗ ಅವನು ಕಂಬ ಬಿಟ್ಟು ಮುಂದೆ ಬಂದ. “ಪ್ರಭು, ಮುದ್ರೆ ಒತ್ತುವ ಮೊದಲು ದುರುಗಪ್ಪನ ಮನೆಗೊಮ್ಮೆ ಹೋಗಿ ಬರೋಣ. ದಾನಿ ತಾನು ಕೊಟ್ಟದ್ದನ್ನು ಕಣ್ಣಾರೆ ನೋಡಬೇಕಲ್ಲ.”

ದೊರೆಗೆ ಅದು ಬಹಳ ಯೋಗ್ಯವಾದ ಮಾತಾಗಿ ಕಂಡಿತು. ಸಾಹುಕಾರನನ್ನೂ ಕರೆದುಕೊಂಡು ಹೊರಟ.

ಮನೆ ಗಟ್ಟಿಮುಟ್ಟಾಗಿತ್ತು. ಆದರೆ ಗೋಡೆಗಳೆಲ್ಲ ಬರೀ ಮಣ್ಣು. ಹೊಸ್ತಿಲಿಗೆ ಮಾತ್ರ ಬೆಳ್ಳಗೆ ಸುಣ್ಣ ಬಳಿದಿತ್ತು. ಅದರ ಮೇಲೆ ದುರುಗಪ್ಪ, ಗಂಗವ್ವ ಒತ್ತಿಕೊಂಡು ಕೂತಿದ್ದರು. ದೊರೆಯನ್ನು ಕಂಡು ಎದ್ದು, ಕೈಮುಗಿದು, ಒಂದು ಕಿರುಚಾಪೆಯನ್ನು ಹೊಸ್ತಿಲ ಮೇಲೇ ಹಾಸಿದರು.

“ದಯಮಾಡಿಸಬೇಕು, ಬುದ್ಧಿ,” ಎಂದಳು ಗಂಗವ್ವ.

“ಹೊಸ್ತಿಲ ಮೇಲೆ ಕೂರುವುದೇ? ಅಶುಭ. ಒಳಗೆ ಹೋಗೋಣ.”

“ಒಳಗಿಂದು ಸಾವ್ಕಾರ್ದು, ಬುದ್ಧಿ. ನಮ್ಮದು ಇಷ್ಟೇ.”

ದೊರೆ ಓಬಯ್ಯನ ಕಡೆ ತಿರುಗಿದ. “ಏನಿದು?”

“ದುರುಗಪ್ಪನದಾದ ಭಾಗಕ್ಕೆ ಸುಣ್ಣ ಬಳಿಸಿದ್ದೇನೆ, ಪ್ರಭು. ಒಂದು ವರ್ಷದ ಕಂತಿಗೆ ಇಷ್ಟು ಬಂದಿದೆ.”

“ವರ್ಷಕ್ಕೊಂದು ಹೊಸ್ತಿಲೇ?”

“ಹೊಸ್ತಿಲಿನ ಲೆಕ್ಕದಲ್ಲೂ ನಾನು ಸ್ವಲ್ಪ ಧಾರಾಳಿಯಾಗಿದ್ದೇನೆ.”

ದೊರೆ ಪಕ್ಕದ ಬಯಲನ್ನು ನೋಡಿದ. ಅಲ್ಲಿ ಸುಣ್ಣದ ಪುಡಿಯಲ್ಲಿ ಗೆರೆ ಎಳೆದು, ಇದೇ ಅಳತೆಯ ಇನ್ನೆರಡು ಮನೆಗಳ ಪಾಯ ಗುರುತಿಸಲಾಗಿತ್ತು. “ಇವು ಯಾರ ಮನೆ?”

“ಇವನ್ನೂ ದುರುಗಪ್ಪನೇ ಕಟ್ಟಿಸಬೇಕು. ಮೂವತ್ತು ವರ್ಷದಲ್ಲಿ ಅವನು ಕೊಡುವುದು ಒಂಬೈನೂರು ವರಹ. ಒಂಬೈನೂರಕ್ಕೆ ಇಂಥ ಮೂರು ಮನೆ.”

“ಮೂರು ಮನೆ ಇಟ್ಟುಕೊಂಡು ದುರುಗಪ್ಪ ಏನು ಮಾಡುತ್ತಾನೆ?”

“ಒಂದರಲ್ಲಿ ಇರುತ್ತಾನೆ, ಪ್ರಭು. ಅಷ್ಟು ಹೊತ್ತಿಗೆ ಬದುಕಿದ್ದರೆ. ಇನ್ನೆರಡು ಸಾಹುಕಾರರಿಗೆ.”

ದೊರೆ ನಿಧಾನವಾಗಿ ಸಾಹುಕಾರನತ್ತ ನೋಡಿದ. “ಚೆನ್ನಮಲ್ಲಪ್ಪ, ಇದನ್ನು ನೀನು ನನಗೆ ಹೇಳಲಿಲ್ಲ.”

ಸಾಹುಕಾರ ವಿನಯದಿಂದಲೇ ಹೇಳಿದ: “ನಾನೇನೂ ಮುಚ್ಚಿಡಲಿಲ್ಲ, ಮಹಾಸ್ವಾಮಿ. ತಿಂಗಳಿಗೆ ಎಷ್ಟು ಅಂತ ತಾವು ಕೇಳಿದಿರಿ. ಒಟ್ಟು ಎಷ್ಟು ಅಂತ ಕೇಳಲಿಲ್ಲ.”

ಅದರಲ್ಲಿ ಸುಳ್ಳಿರಲಿಲ್ಲ. ದೊರೆಗೆ ಚುಚ್ಚಿದ್ದೂ ಅದೇ. ಸಭೆಯಲ್ಲಿ ಕೊಚ್ಚಿಕೊಂಡ ಮಾತುಗಳೆಲ್ಲ ಒಂದೊಂದಾಗಿ ತಲೆಯಲ್ಲಿ ಸುಳಿದಿರಬೇಕು. ಅವನು ಅಶುಭವನ್ನೂ ಮರೆತು ಹೊಸ್ತಿಲ ಮೇಲೆ ಕೂತುಬಿಟ್ಟ.

“ಓಬಯ್ಯ, ಮುನ್ನೂರು ವರಹವನ್ನು ಬೊಕ್ಕಸವೇ ಕೊಟ್ಟು, ಬಡ್ಡಿ ಬೇಡ ಅಂದರೆ?”

“ಕಂತು ಅದೇ ಎರಡೂವರೆ ಇರಲಿ, ಪ್ರಭು. ಹತ್ತು ವರ್ಷಕ್ಕೆ ಸಾಲ ತೀರುತ್ತದೆ.”

“ಉಳಿದ ಇಪ್ಪತ್ತು ವರ್ಷ?”

“ಅಷ್ಟನ್ನೂ ಅವನು ಸಾಹುಕಾರರಿಗಾಗಿ ದುಡಿಯಬೇಕಿತ್ತು.”

ದೊರೆ ಗಂಗವ್ವನ ಬರಿಗೈಗಳನ್ನು ನೋಡಿದ. ಆಮೇಲೆ ಅಲ್ಲೇ ಕೂತು ಅಪ್ಪಣೆ ಕೊಟ್ಟ. ದುರುಗಪ್ಪನ ಬಾಕಿಯನ್ನು ಬೊಕ್ಕಸ ಇವತ್ತೇ ತೀರಿಸಬೇಕು. ಅವನು ಬಡ್ಡಿಯಿಲ್ಲದೆ ಬೊಕ್ಕಸಕ್ಕೆ ಕಟ್ಟಿಕೊಂಡು ಹೋಗಲಿ. ಮನೆ ಬೇಕೆಂದ ಆಳುಗಳಿಗೂ ಅದೇ ಕ್ರಮ. ಇನ್ನು ಮುಂದೆ ಬಿಳಿಗಲ್ಲಿನಲ್ಲಿ ಸಾಲ ಕೊಡುವವರು ಒಟ್ಟು ಎಷ್ಟಾಗುತ್ತದೆಂದು ಮೊದಲು ಹೇಳಬೇಕು, ಆಮೇಲೆ ತಿಂಗಳಿನ ಮಾತು.

ಸಾಹುಕಾರ ತಲೆಬಾಗಿ, ಬಯಲಿನ ಎರಡು ಪಾಯಗಳನ್ನು ಬಳಸಿಕೊಂಡು ಹೋದ. ಗೆರೆ ತುಳಿಯಲು ಅವನಿಗೆ ಮನಸ್ಸಾಗಲಿಲ್ಲ.

ಗಂಗವ್ವ ದೊರೆಯನ್ನು ಒಳಗೆ ಕರೆದು ಮಜ್ಜಿಗೆ ಕೊಟ್ಟಳು. ಕುಡಿದು ತಂಪಾದ ಸರ್ಜಪ್ಪ ನಾಯಕ ಮೀಸೆ ಒರೆಸಿಕೊಂಡ.

“ಓಬಯ್ಯ, ಇವತ್ತು ನನ್ನ ಮರ್ಯಾದೆ ಉಳಿಸಿದೆ. ನಿನಗೂ ಒಂದು ಮನೆ ಕೊಡುತ್ತೇನೆ.”

ಓಬಯ್ಯ ಕೈಕಟ್ಟಿ ನಿಂತು, ಮುಖದಲ್ಲಿ ಒಂದು ಗೆರೆಯೂ ಕದಲದಂತೆ ಕೇಳಿದ:

“ಕೊಡುತ್ತೀರೋ, ಪ್ರಭು, ಕೊಡಿಸುತ್ತೀರೋ?”

ದೊರೆ ನಕ್ಕ ನಗುವಿಗೆ ದೂರದ ಲಾಯದ ಕುದುರೆಗಳೂ ಕಿವಿ ನಿಮಿರಿಸಿದವು. ಓಬಯ್ಯ ಮಾತ್ರ ನಗಲಿಲ್ಲ. ಅವನು ಉತ್ತರಕ್ಕೆ ಕಾಯುತ್ತಿದ್ದ.