ಕುಣಿಯಷ್ಟು ಮನೆ

"ಅಜ್ಜಾರ, ತಿಂಗಳ ಕಂತು ಬಾಡಿಗಿಯಷ್ಟ ಇದ್ರ, ಮನಿ ಪುಕ್ಕಟೆ ಬಂದಂಗ ಅಲ್ಲೇನ್ರೀ?"

ಕೇಳಿದವನು ಕಾಳಪ್ಪ. ವಯಸ್ಸು ನಲವತ್ತಾರು. ಬಸ್ ನಿಲ್ದಾಣದ ಹಿಂದೆ ಅವನದೊಂದು ವೆಲ್ಡಿಂಗ್ ಅಂಗಡಿ. ಇಪ್ಪತ್ತು ವರ್ಷಗಳಿಂದ ಊರವರ ಮನೆಗಳಿಗೆಲ್ಲ ಗೇಟು, ಕಿಟಕಿಯ ಸರಳು ಮಾಡಿಕೊಟ್ಟು ತಾನು ಬಾಡಿಗೆ ಮನೆಯಲ್ಲೇ ಉಳಿದವನು. ಈಗ ಎರಡು ಕೋಣೆಯ ಮನೆಯೊಂದು ಕುದುರಿತ್ತು. ಒಂದು ಫೈನಾನ್ಸ್ ಕಂಪನಿಯವರು ಇಪ್ಪತ್ತೈದು ವರ್ಷದ ಕಂತಿನ ಮೇಲೆ ಸಾಲ ಕೊಡಲು ಒಪ್ಪಿದ್ದರು. ಮರುದಿನ ಸಹಿ ಹಾಕಬೇಕು. ಕಾಗದಗಳನ್ನು ಗುರುಗಳ ಮುಂದಿಟ್ಟು ಆಶೀರ್ವಾದ ಪಡೆಯಲು ಮಠಕ್ಕೆ ಬಂದಿದ್ದ.

ಗುರುಗಳು ಕಾಗದ ಮುಟ್ಟಲಿಲ್ಲ.

"ಒಟ್ಟು ಎಷ್ಟು ಕಟ್ಟತೀ?" ಎಂದು ಕೇಳಿದರು.

"ತಿಂಗಳಿಗೆ ಹದಿಮೂರು ಸಾವಿರ್ರೀ."

"ನಾ ಕೇಳಿದ್ದು ಒಟ್ಟು."

ಕಾಳಪ್ಪ ಕಾಗದಗಳ ಕಡೆ ನೋಡಿದ. "ಅದು ಇದರಾಗ ಎಲ್ಲೋ ಬರದಿರತೈತ್ರೀ" ಎಂದ.

"ಇರತೈತಿ, ಇರತೈತಿ. ಕೂಡ್ರು" ಎಂದು ಗುರುಗಳು ನಕ್ಕರು. ಅವರು ಹೇಳಿದ ಕತೆ ಇದು.

ಒಬ್ಬ ನೇಕಾರನಿದ್ದ. ಅವನದು ಕುಣಿ ಮಗ್ಗ. ನೆಲದಲ್ಲಿ ಸೊಂಟದಾಳದ ಕುಣಿ ತೋಡಿ, ಅದರೊಳಗೆ ಕಾಲು ಇಳಿಬಿಟ್ಟು ಕೂತು ನೇಯುವ ಮಗ್ಗ. ಉಳಿದವರು ಬಾಡಿಗೆ ಮನೆ ಬಿಡುವಾಗ ಪಾತ್ರೆ, ಹಾಸಿಗೆ ಹೊತ್ತು ನಡೆದರೆ ಮುಗಿಯಿತು. ನೇಕಾರನಿಗೆ ಹಾಗಲ್ಲ. ಅವನು ಬಿಡುವ ಮನೆಯ ಕುಣಿ ಮುಚ್ಚಿ, ನೆಲ ಸಾರಿಸಿ ಕೊಡಬೇಕು. ಹೋದ ಮನೆಯಲ್ಲಿ ಮತ್ತೆ ತೋಡಬೇಕು. ಹೊಸ ಕುಣಿ ಒಣಗಲು ಹದಿನೈದು ದಿನ ಬೇಕು. ಅಲ್ಲಿಯ ತನಕ ಸೀರೆಯಿಲ್ಲ, ಸಂಪಾದನೆಯಿಲ್ಲ. ಹಸಿ ಕುಣಿಯಲ್ಲಿ ಕೂತರೆ ಮೊಣಕಾಲು ಹಿಡಿದುಕೊಳ್ಳುತ್ತದೆ.

ಹನ್ನೊಂದು ವರ್ಷದಲ್ಲಿ ಅವನು ಐದು ಮನೆಗಳ ನೆಲ ಅಗೆದ, ಐದು ಮನೆಯವರ ಬಯ್ಗುಳ ತಿಂದ. ಐದನೆಯ ಮನೆಯವನಂತೂ ಮಗ್ಗದ ಮೇಲೆ ಅರ್ಧ ಸೀರೆ ಇರುವಾಗಲೇ ಹೊರಗೆ ಹೋಗೆಂದ. ನೇಕಾರ ಎಂಟು ದಿನ ಕೊಡಿ ಎಂದು ಕೈಮುಗಿದ. ಅವನು ಕೊಡಲಿಲ್ಲ. ಹಾಸಿನ ಉದ್ದ ಎಳೆಗಳನ್ನು ನಡುವೆ ಕತ್ತರಿಸಿ ಮಗ್ಗ ಬಿಚ್ಚಬೇಕಾಯಿತು. ಕತ್ತರಿ ಹಿಡಿದ ಕೈ ಅವನದೇ. ಆ ದಿನ ಅವನಿಗೆ ಅಳು ಬಂತು. ತನ್ನ ನೆಲದಲ್ಲಿ ತನ್ನ ಕುಣಿ ಇರಬೇಕು, ಸಾಯುವ ತನಕ ಇನ್ನೊಂದು ಕುಣಿ ಮುಚ್ಚಬಾರದು ಎಂದು ಅಂದೇ ನಿಶ್ಚಯಿಸಿದ. ಆಗ ಅವನಿಗೆ ನಲವತ್ತನಾಲ್ಕು.

ಅಂದೇ ಸಂಜೆ, ತನ್ನ ಸೀರೆಗಳನ್ನು ಕೊಳ್ಳುತ್ತಿದ್ದ ವರ್ತಕನ ಬಳಿ ಹೋದ. ವರ್ತಕನಿಗೆ ಪೇಟೆಯ ಅಂಚಿನಲ್ಲಿ ಒಂದು ಖಾಲಿ ಮನೆಯಿತ್ತು.

"ಮನಿಯ ಬೆಲಿ ನೂರು ಸೀರಿ" ಎಂದ ವರ್ತಕ. "ಕೈಯಾಗ ಇಲ್ಲಂದ್ರ ಕಂತಿನ ಮ್ಯಾಲೆ ಕೊಡು. ಬಾಕಿ ಉಳಿದದ್ದಕ್ಕ ವರ್ಷಕ್ಕ ನೂರಕ್ಕ ಹತ್ತು ಸೀರಿ ಬಡ್ಡಿ. ತಿಂಗಳಿಗೆ ಒಂದೂವರೆ ಸೀರಿ ಕೊಡ್ತೀಯೋ, ಒಂದು ಕೊಡ್ತೀಯೋ? ಮನ್ಯಾಗ ಕೇಳ್ಕೊಂಡು ಬಾ."

ನೇಕಾರ ಮನೆಯಲ್ಲಿ ಕೇಳಲಿಲ್ಲ. ಅವನು ನೇಯುತ್ತಿದ್ದುದು ತಿಂಗಳಿಗೆ ನಾಲ್ಕು ಸೀರೆ. ಬಾಡಿಗೆಗೆ ಒಂದು ಸೀರೆಯ ದುಡ್ಡು ಹೋಗುತ್ತಿತ್ತು. ಅದೇ ಒಂದು ಸೀರೆ ಈ ಕಡೆ ಹೊರಳಿದರೆ ಮನೆ ತನ್ನದು. ಇದರಲ್ಲಿ ಕೇಳುವುದೇನಿದೆ?

"ಒಂದು" ಎಂದ.

ಎಷ್ಟು ವರ್ಷ ಎಂದು ಅವನು ಕೇಳಲಿಲ್ಲ. ಒಟ್ಟು ಎಷ್ಟು ಸೀರೆ ಎಂದೂ ಕೇಳಲಿಲ್ಲ. ಕೇಳಿದ್ದರೆ ವರ್ತಕ ಸುಳ್ಳು ಹೇಳುತ್ತಿರಲಿಲ್ಲ. ಕೇಳದಿದ್ದಾಗ ಹೇಳುವ ವರ್ತಕನನ್ನು ನಾನಂತೂ ಈ ತನಕ ಕಂಡಿಲ್ಲ.

ನೇಕಾರ ದಡ್ಡನಲ್ಲ. ಅವನ ಕೆಲಸವೇ ಅವನಿಗೆ ಹಾಗೆ ನೋಡಲು ಕಲಿಸಿತ್ತು. ಮಗ್ಗದಲ್ಲಿ ಕೂತವನ ಕಣ್ಣೆದುರು ಯಾವಾಗಲೂ ಒಂದು ಗೇಣು ಬಟ್ಟೆ ಮಾತ್ರ. ನೇಯ್ದದ್ದು ನೇಯ್ದ ಹಾಗೆ ತೊಡೆಯ ಮುಂದಿನ ಮರದ ದಿಂಡಿಗೆ ಸುತ್ತಿಕೊಳ್ಳುತ್ತದೆ, ಕಣ್ಣಿನಿಂದ ಮರೆಯಾಗುತ್ತದೆ. ಮುಂದಿನ ಗೇಣು ಸರಿಯಿದ್ದರೆ ಸೀರೆ ಸರಿಯಿರುತ್ತದೆ. ಮಗ್ಗದ ಮಟ್ಟಿಗೆ ಇದು ನಿಜ. ಅವನು ಮನೆಯನ್ನೂ ಗೇಣು ಗೇಣಾಗಿಯೇ ನೋಡಿದ.

ಹೊಸ ಮನೆಯಲ್ಲಿ ಕುಣಿ ತೋಡಿದ. ಈ ಸಲ ಒಳಗೆ ಸುತ್ತಲೂ ಕಲ್ಲು ಕಟ್ಟಿಸಿದ. ಬಾಡಿಗೆ ಮನೆಯಲ್ಲಿ ಯಾರಾದರೂ ಕಲ್ಲು ಕಟ್ಟಿಸುತ್ತಾರೆಯೇ? ಕೆಲಸ ಮುಗಿದ ದಿನ ಹೆಂಡತಿ ಕುಣಿಯ ಅಂಚಿಗೆ ಅರಿಸಿನ ಕುಂಕುಮ ಹಚ್ಚಿದಳು. ಇಬ್ಬರಿಗೂ ಬಹಳ ಸಂತೋಷವಾಗಿತ್ತು.

ಅಮಾವಾಸ್ಯೆಗೆ ಅವರ ಮಗ್ಗಕ್ಕೆ ರಜೆ. ಪ್ರತಿ ಅಮಾವಾಸ್ಯೆ ನೇಕಾರ ಒಂದು ಸೀರೆ ಮಡಚಿಕೊಂಡು ಹೋಗಿ ವರ್ತಕನಿಗೆ ಕೊಟ್ಟು ಬರುತ್ತಿದ್ದ. ಬಂದು, ಮಗ್ಗದ ಕಂಬಕ್ಕೆ ಇಳಿಬಿಟ್ಟ ದಾರಕ್ಕೆ ಒಂದು ಗಂಟು ಹಾಕುತ್ತಿದ್ದ. ಒಮ್ಮೆಯೂ ತಪ್ಪಿಸಲಿಲ್ಲ. ಏಳು ವರ್ಷ ಕಳೆಯಿತು.

ಏಳನೆಯ ವರ್ಷ ಅವನಿಗೆ ಒಂದು ಹೊಸ ತೊಂದರೆ ಶುರುವಾಯಿತು. ಎಳೆ ಹರಿದರೆ ಅದರ ತುದಿ ಕಾಣುತ್ತಿರಲಿಲ್ಲ. ಹೆಂಡತಿಯನ್ನು ಕರೆಯಬೇಕಾಗುತ್ತಿತ್ತು. ಅವಳು ಲಾಳಿಗೆ ನೂಲಿನ ಕಂಡಿಕೆ ಸುತ್ತುವುದನ್ನು ಬಿಟ್ಟು ಬಂದು ತುದಿ ಹುಡುಕಿಕೊಡುತ್ತಿದ್ದಳು. ಅವನ ಅಪ್ಪನಿಗೂ ಹೀಗೇ ಶುರುವಾಗಿತ್ತು. ಅಪ್ಪ ಐವತ್ತಾರಕ್ಕೆ ಮಗ್ಗದಿಂದ ಎದ್ದವನು ಮತ್ತೆ ಕೂರಲಿಲ್ಲ.

"ಎಂಬತ್ತನಾಕು ಗಂಟು ಆದ್ವು" ಎಂದಳು ಹೆಂಡತಿ. "ಇನ್ನ ಹದಿನಾರು. ವರ್ಷದ ಮ್ಯಾಲೆ ನಾಕು ತಿಂಗಳು. ಅಷ್ಟು ದಿನ ಕಣ್ಣು ನಡೀತಾವು ಬಿಡ್ರಿ."

ನೇಕಾರ ಮರುದಿನವೇ ಹಗುರಾಗಿ ನಡೆದು ಹೋದ. ಹದಿನಾರು ತಾನೇ ಬಾಕಿ ಎಂದು ವರ್ತಕನನ್ನು ಕೇಳಿದ.

ವರ್ತಕ ವಹಿ ತೆಗೆದ. "ಎಂಬತ್ತೊಂದು" ಎಂದ.

ನೇಕಾರನಿಗೆ ಮೊದಲು ಅರ್ಥವಾಗಲಿಲ್ಲ. ತಾನು ಕೊಟ್ಟದ್ದನ್ನು ಹೇಳುತ್ತಿದ್ದಾನೆ, ಮೂರು ಕಡಿಮೆ ಬರೆದುಕೊಂಡಿದ್ದಾನೆ ಎಂದುಕೊಂಡ. ವರ್ತಕ ವಹಿಯನ್ನು ಅವನ ಕಡೆ ತಿರುಗಿಸಿದ. ಮೊದಲ ವರ್ಷ ಕೊಟ್ಟದ್ದು ಹನ್ನೆರಡು ಸೀರೆ. ನೂರರ ಬಡ್ಡಿ ಹತ್ತು. ಮನೆಯ ಬಾಬಿಗೆ ಸಂದದ್ದು ಎರಡು. ಎರಡನೆಯ ವರ್ಷ ಮನೆಗೆ ಸಂದದ್ದು ಎರಡಕ್ಕಿಂತ ತುಸು ಮೇಲೆ. ಹೀಗೆ ಏಳು ವರ್ಷ. ಎಂಬತ್ತನಾಲ್ಕರಲ್ಲಿ ಅರವತ್ತೈದು ಬಡ್ಡಿಗೆ ಹೋಗಿತ್ತು, ಹತ್ತೊಂಬತ್ತು ಮನೆಗೆ. ಲೆಕ್ಕದಲ್ಲಿ ಒಂದು ಎಳೆಯೂ ತಪ್ಪಿರಲಿಲ್ಲ.

"ಹಿಂಗ ಕೊಟ್ಕೊಂತ ಹೋದ್ರ ಇನ್ನ ಎಷ್ಟು ವರ್ಷ್ರೀ?" ನೇಕಾರ ಕೇಳಿದ. ಏಳು ವರ್ಷ ತಡವಾಗಿಯಾದರೂ ಕೇಳಿದ.

"ಹನ್ನೆರಡಕ್ಕ ಎರಡು ತಿಂಗಳು ಕಮ್ಮಿ" ಎಂದ ವರ್ತಕ. "ಒಟ್ಟು ಇನ್ನೂರ ಇಪ್ಪತ್ತೈದು ಸೀರಿ ಆಗತಾವು. ಅವತ್ತ ಒಂದೂವರೆಗೆ ಒಪ್ಪಿದ್ರ ನೂರ ಐವತ್ತಮೂರಕ್ಕ ಮುಗೀತಿತ್ತು. ಎಂಟೂವರೆ ವರ್ಷ. ಇಷ್ಟೊತ್ತಿಗೆ ದಂಡಿಗೆ ಬಂದಿರತಿದ್ದಿ."

ಐವತ್ತೊಂದು ಮತ್ತು ಹನ್ನೆರಡು ಅರವತ್ತಮೂರು. ನೇಕಾರನಿಗೆ ಆ ಕೂಡಿಕೆ ಮಾಡಲು ವಹಿ ಬೇಕಾಗಲಿಲ್ಲ. ಅರವತ್ತಮೂರರ ತನಕ ಕಣ್ಣಿರುವುದಿಲ್ಲ. ಕಣ್ಣು ಹೋದರೆ ಸೀರೆ ನಿಲ್ಲುತ್ತದೆ, ಸೀರೆ ನಿಂತರೆ ಮನೆ ವರ್ತಕನಿಗೆ. ಆರನೆಯ ಕುಣಿಯನ್ನೂ ಮುಚ್ಚಬೇಕಾಗುತ್ತದೆ, ಅದೂ ಕುರುಡನಾಗಿ.

ಮನೆಗೆ ಬಂದು ಹೆಂಡತಿಗೆ ಎಲ್ಲ ಹೇಳಿದ. ವರ್ತಕನನ್ನು ಬಯ್ಯಲಿಲ್ಲ. ಬಯ್ಯಲು ಏನೂ ಸಿಗಲಿಲ್ಲ ಎನ್ನುವುದೇ ಅವನ ಸಂಕಟ.

ಹೆಂಡತಿ ಕಂಬದ ದಾರವನ್ನು ಬಿಚ್ಚಿಕೊಂಡಳು. ಹತ್ತೊಂಬತ್ತು ಗಂಟು ಎಣಿಸಿ ಅಲ್ಲಿಗೆ ಕತ್ತರಿಸಿದಳು. ಉದ್ದದ ತುಂಡನ್ನು ನೆಲಕ್ಕೆ ಬಿಟ್ಟಳು. ಚಿಕ್ಕದನ್ನು ಹಿಡಿದುಕೊಂಡು ಮನೆಯನ್ನು ಒಮ್ಮೆ ಸುತ್ತ ನೋಡಿದಳು.

"ನೂರರಾಗ ಹತ್ತೊಂಬತ್ತು" ಎಂದಳು. "ಹಂಗಾರ ಕುಣಿಯಷ್ಟು ನಮ್ಮದಾಗೈತಿ. ಗ್ವಾಡಿ, ಮ್ಯಾಲಿನ ಮಾಳಗಿ ಎಲ್ಲಾ ಇನ್ನ ಅವರವ. ನಿಮ್ಮ ಕಣ್ಣು ಇನ್ನೆಷ್ಟು ವರ್ಷ ನಡದಾವು? ಖರೇ ಹೇಳ್ರಿ."

"ಐದು" ಎಂದ ನೇಕಾರ. ಅದುವರೆಗೆ ಅದನ್ನು ಅವನು ತನಗೆ ತಾನೂ ಹೇಳಿಕೊಂಡಿರಲಿಲ್ಲ.

"ಐದರೊಳಗ ಮುಗಸೋಣು" ಎಂದಳು ಅವಳು.

ತಿಂಗಳಿಗೆ ಒಂದರ ಬದಲು ಎರಡು ಸೀರೆ ಕೊಟ್ಟರೆ ಐದು ವರ್ಷದೊಳಗೆ ತೀರುತ್ತದೆ. ಆದರೆ ನಾಲ್ಕರಲ್ಲಿ ಎರಡು ಕೊಟ್ಟರೆ ಉಣ್ಣುವುದೇನು? ಐದನೆಯ ಸೀರೆಯೊಂದು ಹುಟ್ಟಬೇಕು. ಹೆಂಡತಿ ಅದಕ್ಕೂ ದಾರಿ ಕಂಡಳು. ನೇಕಾರ ಊಟಕ್ಕೆ ಏಳುತ್ತಿದ್ದ, ಊಟದ ಮೇಲೆ ಮಲಗುತ್ತಿದ್ದ, ನೂಲು ತರಲು ಪೇಟೆಗೆ ಹೋಗುತ್ತಿದ್ದ. ಅಷ್ಟು ಹೊತ್ತು ಕುಣಿ ಖಾಲಿ ಇರುತ್ತಿತ್ತು. ಇನ್ನು ಮೇಲೆ ಖಾಲಿ ಇರಬಾರದು ಎಂದಳು. ಅವನು ಎದ್ದಾಗ ತಾನು ಕೂರುತ್ತೇನೆ ಎಂದಳು. ಅವಳು ಅದುವರೆಗೆ ಕಂಡಿಕೆ ಸುತ್ತಿದವಳೇ ಹೊರತು ಲಾಳಿ ಎಸೆದವಳಲ್ಲ.

ಮೊದಲ ತಿಂಗಳು ಅವಳ ಕೈ ಸೇರಿದ ಸೀರೆಯನ್ನು ವರ್ತಕ ಹೊರಳಿಸಿ ನೋಡಿ ಹಿಂದೆ ಕೊಟ್ಟ. ಒಂದು ಕಡೆ ಬಿಗಿ, ಒಂದು ಕಡೆ ಸಡಿಲ. ಎರಡನೆಯ ತಿಂಗಳೂ ಹಿಂದೆ ಕೊಟ್ಟ. ಆ ಎರಡು ಸೀರೆಗಳನ್ನು ಅವಳೇ ಉಟ್ಟುಕೊಂಡು ಕುಣಿಯಲ್ಲಿ ಕೂತಳು. ಮೂರನೆಯ ತಿಂಗಳು ವರ್ತಕ ಸೀರೆಯನ್ನು ಎರಡು ಸಲ ಬೆಳಕಿಗೆ ಹಿಡಿದು ನೋಡಿದ. ಆಮೇಲೆ ಮಡಚಿ ಒಳಗಿಟ್ಟ.

"ಇದನ್ನ ಮುಂದಿನ ತಿಂಗಳ ಕಂತು ಅಂತ ಬರ್ಕೋತೀನಿ" ಎಂದ ವರ್ತಕ. "ಮುಂದಿನ ಅಮಾಸಿಗೆ ನೀ ಬರೋದು ಬ್ಯಾಡ, ಆರಾಮ ಇರು."

ಮೊದಲಿನ ನೇಕಾರನಾಗಿದ್ದರೆ ಕೈಮುಗಿದು ಬರುತ್ತಿದ್ದ. ಈಗ ಅವನು ಕದಲಲಿಲ್ಲ.

"ಅದು ಕಂತಲ್ರೀ. ಅಸಲಿಗೆ ಬರ್ಕೋರಿ. ಮುಂದಿನ ಅಮಾಸಿಗೂ ಬರ್ತೀನಿ."

ವರ್ತಕ ಅವನ ಮುಖ ನೋಡಿದ. ವಹಿ ತೆಗೆದು ಎಂಬತ್ತರ ಆಸುಪಾಸಿನ ಬಾಕಿಯಲ್ಲಿ ಒಂದು ಕಳೆದು ಬರೆದ. ಬರೆದದ್ದನ್ನು ನೇಕಾರ ಕಣ್ಣ ಹತ್ತಿರಕ್ಕೆ ತಂದುಕೊಂಡು ಓದಿದ. ಅಂದಿನಿಂದ ಪ್ರತಿ ಅಮಾವಾಸ್ಯೆ ಅವನು ಒಂದು ಸೀರೆ ಕಂತಿಗೆ, ಒಂದು ಸೀರೆ ಅಸಲಿಗೆ ಕೊಟ್ಟ. ಎರಡನ್ನೂ ಬೇರೆ ಬೇರೆ ಬರೆಸಿದ. ಬಾಕಿ ಎಷ್ಟು ಎಂದು ಕೇಳಿ, ನೆನಪಿಟ್ಟುಕೊಂಡು ಹೋಗಿ ಹೆಂಡತಿಗೆ ಒಪ್ಪಿಸಿದ. ಅವಳು ಅದರಂತೆ ದಾರಕ್ಕೆ ಗಂಟು ಹಾಕಿದಳು, ಮನೆಗೆ ಸಂದಷ್ಟಕ್ಕೆ ಮಾತ್ರ. ಒಂದು ವರ್ಷ ಮುಗಿದಾಗ ಪಡಸಾಲೆ ನಮ್ಮದಾಯಿತು ಎಂದಳು. ಇನ್ನೊಂದು ವರ್ಷಕ್ಕೆ ಅಡುಗೆ ಮನೆ.

ಆ ವರ್ಷಗಳು ಸುಲಭದವಲ್ಲ. ಇಬ್ಬರೂ ಸೊರಗಿದರು. ಐದನೆಯ ಸೀರೆಯ ನೂಲಿನ ಖರ್ಚಿಗೆ ಬೇಳೆ ನೀರಾಯಿತು. ನೆಂಟರ ಮದುವೆಗಳಿಗೆ ಒಬ್ಬರು ಹೋದರೆ ಒಬ್ಬರು ಮಗ್ಗದಲ್ಲಿ. ಕೊನೆಯ ವರ್ಷ ನೇಕಾರ ಎಳೆಯ ತುದಿಯನ್ನು ಬೆರಳಲ್ಲೇ ಹುಡುಕಿ ಗಂಟು ಹಾಕುತ್ತಿದ್ದ. ಆದರೂ ಅವರು ಯಾವತ್ತೂ ಎರಡನ್ನು ಒಂದು ಮಾಡಲಿಲ್ಲ.

ನಾಲ್ಕು ವರ್ಷ ಐದು ತಿಂಗಳಿಗೆ ಬಾಕಿ ತೀರಿತು. ಒಟ್ಟು ಕೊಟ್ಟದ್ದು ನೂರ ಎಂಬತ್ತೆಂಟು ಸೀರೆ. ಮೊದಲ ದಿನ ಬಾಯಿ ಬಿಟ್ಟು ಕೇಳದ್ದಕ್ಕೆ ಹೆಚ್ಚಿಗೆ ತೆತ್ತದ್ದು ಮೂವತ್ತೈದು. ಆಮೇಲಾದರೂ ಕೇಳಿದ್ದಕ್ಕೆ ಉಳಿದದ್ದು ಮೂವತ್ತೇಳು, ಜೊತೆಗೆ ಏಳು ವರ್ಷ. ವರ್ತಕ ಮನೆಯ ಪತ್ರವನ್ನು ಅವನ ಕೈಯಲ್ಲಿಟ್ಟ. ನೇಕಾರನಿಗೆ ಅದನ್ನು ಓದಲಾಗಲಿಲ್ಲ. ಮನೆಗೆ ತಂದು ಹೆಂಡತಿಗೆ ಕೊಟ್ಟ.

ಮುಂದಿನ ವರ್ಷ ಅವನ ಕಣ್ಣು ಪೂರಾ ಮಂಜಾಯಿತು. ಅವನು ಮಗ್ಗದಿಂದ ಎದ್ದ. ಹೆಂಡತಿ ಕುಣಿಗೆ ಇಳಿದಳು. ಅವನು ಬಾಗಿಲ ಬಳಿ ಕೂತು ಕಂಡಿಕೆ ಸುತ್ತಿದ. ಅದಕ್ಕೆ ಕಣ್ಣು ಬೇಕಿಲ್ಲ. ಆ ಮನೆಯ ಕುಣಿಯನ್ನು ಯಾರೂ ಮುಚ್ಚಿಸಲಿಲ್ಲ.

ಗುರುಗಳು ಕತೆ ನಿಲ್ಲಿಸಿದರು. ಕಾಳಪ್ಪ ಕಾಗದಗಳನ್ನು ತನ್ನ ಕಡೆಗೆ ಎಳೆದುಕೊಂಡ.

"ಹಂಗಾರ ಅಂವಾ ಆ ಮನಿ ತಗೋಬಾರದಿತ್ತೇನ್ರೀ?" ಎಂದು ಕೇಳಿದ.

"ಯಾಕ ತಗೋಬಾರದು? ಅವಗ ಕುಣಿ ಬೇಕಿತ್ತು. ನಿನಗೂ ಮನಿ ಬೇಕು. ಇಪ್ಪತ್ತು ವರ್ಷ ಮಂದೀ ಮನಿಗೆ ಗೇಟ್ ಮಾಡೀಯಲ್ಲ."

ಕಾಳಪ್ಪನ ಮುಖ ಅರಳಿತು. ಹಿಂದಿನ ದಿನದ ವೆಲ್ಡಿಂಗ್ ಕಿಡಿಗೆ ಕೆಂಪಾಗಿದ್ದ ಕಣ್ಣನ್ನು ಹೆಗಲ ಮೇಲಿನ ವಸ್ತ್ರದಿಂದ ಒರೆಸಿಕೊಂಡ. ಕಾಗದಗಳನ್ನು ಎತ್ತಿ ಗುರುಗಳ ಕಡೆ ಚಾಚಿದ.

ಗುರುಗಳು ಅವುಗಳ ಮೇಲೆ ಕೈಯಿಟ್ಟು ಕೇಳಿದರು: "ಕಡೀ ಕಂತು ಕಟ್ಟೋ ದಿನ ನಿನಗ ಎಷ್ಟು ವಯಸ್ಸಾಗಿರತೈತಿ, ಕಾಳಪ್ಪ?"