ಆರು ಮೊಳದ ದುಡ್ಡಿಗೆ ಒಂದು ಮೊಳ ಹೂವು

ಬ್ಯಾಂಕಿನ ಬಾಗಿಲಲ್ಲಿ ಹೂ ಮಾರುವ ಸಾಕಮ್ಮ ಮನೆ ಸಾಲ ಕೇಳಿದಳು. ಹತ್ತು ಲಕ್ಷ, ಇಪ್ಪತ್ತು ವರ್ಷ. ಮ್ಯಾನೇಜರ್ ಶ್ರೀಪಾದರಾಯರು ಕಂತಿನ ಪಟ್ಟಿಯನ್ನು ಅವಳ ಮುಂದೆ ತಳ್ಳಿದರು. “ತಿಂಗಳಿಗೆ ಬರೀ ಒಂಬತ್ತು ಸಾವಿರ. ಈ ಲೆಕ್ಕ ನಿನಗೆ ಅರ್ಥವಾಗೋದಲ್ಲ. ನಾಳೆ ಬಂದು ಸಹಿ ಹಾಕು.”

ಮಾರನೇ ದಿನ ಹೆಂಡತಿಯ ಹುಟ್ಟುಹಬ್ಬ ಅಂತ ರಾಯರು ಆರು ಮೊಳ ಮಲ್ಲಿಗೆಗೆ ದುಡ್ಡು ಕೊಟ್ಟರು. ಸಾಕಮ್ಮ ಒಂದೇ ಮೊಳ ಅಳೆದು, ಕತ್ತರಿಸಿ, ಎಲೆಯಲ್ಲಿ ಸುತ್ತಿ ಕೊಟ್ಟಳು.

“ಮಿಕ್ಕ ಐದು ಮೊಳ ಎಲ್ಲಿ?”

“ಅದು ಬಡ್ಡಿ, ಸ್ವಾಮಿ. ನಿಮ್ಮ ಪಟ್ಟೀಲೂ ಹಂಗೇ ಇದೆ. ಮೊದಲ ಕಂತಿನ ಒಂಬತ್ತು ಸಾವಿರದಲ್ಲಿ ಏಳೂವರೆ ಬಡ್ಡಿಗೆ, ಒಂದೂವರೆ ಅಸಲಿಗೆ. ನೀವು ದಿನಾ ಬರ್ತಾ ಇರಿ. ಇಪ್ಪತ್ತನೇ ವರ್ಷಕ್ಕೆ ಹೆಚ್ಚುಕಡಿಮೆ ಆರು ಮೊಳಾನೂ ಸಿಗುತ್ತೆ.”

ರಾಯರು ಕೈಲಿದ್ದ ಹೂವನ್ನೊಮ್ಮೆ, ಅವಳನ್ನೊಮ್ಮೆ ನೋಡಿ ಗಟ್ಟಿಯಾಗಿ ನಕ್ಕುಬಿಟ್ಟರು. ಒಳಗೆ ಕರೆದು, ತಾವೇ ಕುರ್ಚಿ ಎಳೆದು ಕೂರಿಸಿದರು. “ಹಬ್ಬದ ವ್ಯಾಪಾರದಲ್ಲಿ ಉಳಿದಷ್ಟು ಹೆಚ್ಚಿಗೆ ಕಟ್ಟಿ, ಸಾಕಮ್ಮನವರೇ. ಅದೆಲ್ಲ ಅಸಲಿಗೇ ಹೋಗುತ್ತೆ. ಸಾಲ ಬೇಗ ತೀರುತ್ತೆ.”

ಸಾಕಮ್ಮ ಬುಟ್ಟಿಯಿಂದ ಐದು ಮೊಳ ತೆಗೆದು ಮೇಜಿನ ಮೇಲಿಟ್ಟಳು. “ತಗೊಳ್ಳಿ. ಪಾಪ, ಅಮ್ಮಾವ್ರು ಯಾಕೆ ಇಪ್ಪತ್ತು ವರ್ಷ ಕಾಯಬೇಕು?”