ಹಗ್ಗ ಬಿಟ್ಟ ಗುಂಡು

ನಂಬದವರು ಈಗಲೇ ಎದ್ದು ಹೋಗಲಿ. ಇಲ್ಲವೇ ಊರ ಪಡುವಣಕ್ಕಿರುವ ಆ ಗುಂಡಿನ ನಡುವಿಗೆ ಬೆರಳಿಟ್ಟು ನೋಡಿ ಬಂದು ನನ್ನೆದುರು ಮಾತಾಡಲಿ. ಆನೆಯಷ್ಟು ಎತ್ತರದ ಕಲ್ಲು. ಅದರ ಸುತ್ತ ಹಗ್ಗ ಉಜ್ಜಿ ಉಜ್ಜಿ ಬೆರಳು ಮುಳುಗುವಷ್ಟು ಆಳದ ಗೆರೆ ಬಿದ್ದಿದೆ. ಅದನ್ನು ಹಗ್ಗ ಬಿಟ್ಟ ಗುಂಡು ಎನ್ನುತ್ತಾರೆ. ಹಗ್ಗ ಬಿಟ್ಟವರು ಯಾರ ಮನೆಯವರೋ, ನನಗೆ ಬೇಡ. ಎದುರು ನಿಂತವನು ಮಾತ್ರ ನಮ್ಮ ವಂಶದ ಹಿರಿಯ, ಸಣ್ಣೋಬ.

ಹಿಂದೆ ಒಮ್ಮೆ, ನಾಟಕಕ್ಕೆ ಪರದೆಯೂ ಇಲ್ಲದ ಕಾಲದಲ್ಲಿ, ಈ ಗುಂಡಿನ ಮುಂದಿನ ಬಯಲಲ್ಲಿ ಪ್ರಹ್ಲಾದನ ಆಟ ನಡೆಯುತ್ತಿತ್ತಂತೆ. ಕಂಬ ಒಡೆಯುವ ಹೊತ್ತು ಮುಸ್ಸಂಜೆಯೇ ಆಗಬೇಕು. ನರಸಿಂಹನ ಮೊಗವಾಡ ಕಟ್ಟಿದವನ ಮೈಮೇಲೆ ದೇವರು ಬರುತ್ತಿದ್ದ. ಬಂದ ದೇವರಿಗೆ ಎದುರಿನ ಹಿರಣ್ಯ ಬರೀ ವೇಷದವನೆಂದು ತಿಳಿಯದು. ಅದಕ್ಕೇ ಮೊಗವಾಡದವನ ಸೊಂಟಕ್ಕೆ ಹಗ್ಗ ಬಿಗಿದು, ಗುಂಡಿಗೆ ಒಂದು ಸುತ್ತು ಹಾಕಿ, ತುದಿ ಹಿಡಿದು ನಿಲ್ಲುತ್ತಿದ್ದರು. ಗಂಟು ಹಾಕುವಂತಿಲ್ಲ, ದೇವರನ್ನು ತಡೆಯಬಹುದು, ಕಟ್ಟಬಾರದು. ಉಗ್ರ ಇಳಿದಂತೆ ಹಗ್ಗ ಸಡಿಲಿಸಬೇಕು. ಹಿರಣ್ಯ ನರಸಿಂಹನ ತೊಡೆಗೆ ಒರಗಿದ ಮೇಲೆಯೇ ದೇವರು ಇಳಿಯುವುದು. ಆ ಹದ ಬಲ್ಲವನು ಸಣ್ಣೋಬನೊಬ್ಬನೇ. ಹಗ್ಗ ಹಿಡಿದೇ ಹಿರಣ್ಯನ ಮಾತನ್ನೆಲ್ಲ ಕಲಿತಿದ್ದ. "ಈರಬಡಪ್ಪ ಮಾವ, ನಿನ್ನ ದನಿಗೆ ಕಂಬ ಇರ್ಲಿ, ಹಪ್ಪಳವೂ ಮುರಿಯಲ್ಲ. ಒಂದ್ಸಲ ನಂಗೆ ಬಿಡು" ಎಂದು ಹಿರಣ್ಯನ ವೇಷದವನನ್ನು ಕೆಣಕುತ್ತಿದ್ದನಂತೆ. "ಬಿಡ್ತೀನಿ ಕಣೋ. ಆ ದೇವರ ಕಣ್ಣನ್ನ ಮುಂದ್ಗಡೆಯಿಂದ ನೋಡಿದೀಯಾ?" ಎಂದು ಈರಬಡಪ್ಪ ನಗುತ್ತಿದ್ದ.

ಒಂದು ವರ್ಷ ಕುಣಿಯುತ್ತಿದ್ದಾಗಲೇ ಈರಬಡಪ್ಪನ ಕಾಲು ಮುರಿಯಿತು. ಕಂಬದೊಳಗೆ ಆಗಲೇ ಗುಟುರು ಎದ್ದಿತ್ತು. ಆಟ ನಡೆಸುವ ಭಾಗವತರು ಅವನ ಕಿರೀಟ ತೆಗೆದು ಸಣ್ಣೋಬನ ತಲೆಗಿಟ್ಟರು.

"ಹಗ್ಗ ಯಾರು ಹಿಡೀತಾರೆ ಸ್ವಾಮಿ?"

"ಯಾರೋ ಹಿಡೀತಾರೆ, ನಡಿ."

ಹಿಡಿದವರು ಹೊಸಬರು. ಕಂಬ ಸೀಳಿ ಮೊಗವಾಡ ಹೊರಬಂದದ್ದೇ ತಡ, ಅವರು ಭಕ್ತಿಯಿಂದ ಎರಡೂ ಕೈ ಎತ್ತಿ ಮುಗಿದುಬಿಟ್ಟರು. ಹಗ್ಗ ಗುಂಡನ್ನು ಸವರುತ್ತ ಹಾವಿನಂತೆ ಹರಿದುಹೋದದ್ದನ್ನು ಸಣ್ಣೋಬ ಕಂಡ. ಓಡಬಹುದಿತ್ತು, ಆದರೆ ಬೆನ್ನ ಹಿಂದೆ ಪ್ರಹ್ಲಾದನ ವೇಷದ ಕೂಸು ನಿಂತಿತ್ತು. ಕಲಿತ ಮಾತು ಒಂದೂ ಬಾಯಿಗೆ ಬರಲಿಲ್ಲ. ಮುಂದೆ ನಡೆದು, ಮಂಡಿಯೂರಿ, ಗರ್ಜಿಸುತ್ತಿದ್ದ ದೇವರ ತೊಡೆಗೆ ತಾನೇ ಒರಗಿದ. ವೇಷದ ಕಬ್ಬಿಣದ ಉಗುರು ಹೊಟ್ಟೆಗೆ ನಾಟಿತು. ನಾಟಿ, ನಿಂತಿತು. ಮೊಗವಾಡದೊಳಗಿಂದ "ಯಾರಪ್ಪಾ ನೀನು?" ಎಂಬ ಮನುಷ್ಯನ ದನಿ ಬಂತು ಎನ್ನುತ್ತಾರೆ.

ಇಂದಿಗೂ ಹೋದವರು ಗುಂಡಿನ ಗೆರೆ ನೋಡುತ್ತಾರೆ. ಆಟದ ದಿನ, ದೇವರನ್ನು ಕಂಡು ಕೈ ಎತ್ತದಿರಲೆಂದು ಹಗ್ಗ ಹಿಡಿಯುವವರ ಕಣ್ಣಿಗೆ ಬಟ್ಟೆ ಕಟ್ಟುವುದನ್ನೂ ನೋಡುತ್ತಾರೆ. ಗಾಯ ಮಾಗಿದ ಮೇಲೆ ಸಣ್ಣೋಬ ತನ್ನ ಹಗ್ಗವನ್ನೇ ತಿರುಗಿ ಕೇಳಿದನಂತೆ. ಊರು ಅವನಿಗೆ ಕೊಟ್ಟದ್ದು ಹಿರಣ್ಯನ ವೇಷ, ವಂಶ ಇರುವ ತನಕ.